ಉಳಿದ ಅರ್ಧ ಮಾತು

ನೀಲಗಂಗಾಳ ಕೊರಳಿನ ಪೆಟ್ಟಿಗೆ ಮೊದಲ ಸಲ ತಪ್ಪು ಮಾತಾಡಿದಾಗ ಚನ್ನವೀರಪ್ಪ ನಕ್ಕುಬಿಟ್ಟಿದ್ದ. ಅಂಗಡಿಯ ಬಾಗಿಲು ತೆಗೆಯುವ ಮುಂಚೆ ಹಿತ್ತಲಲ್ಲಿ ಕೂತು ಪೇಪರು ಓದುತ್ತಿದ್ದವನಿಗೆ ಒಳಗಿನಿಂದ ಹೆಂಡತಿಯ ದನಿ ಕೇಳಿಸಿತು.

"ಏನ್ರಿ, ಬೀಗ ಆರಾಕತ್ತೈತಿ. ಲಗೂ ಬರ್ರಿ."

ಎದ್ದು ಹೋಗಿ ನೋಡಿದರೆ ಅಡಿಗೆಮನೆಯ ಕಟ್ಟೆಯ ಮೇಲೆ ಎರಡು ಕಪ್ ಚಹಾ.

"ಬೀಗಕ್ಕ ಸಕ್ರಿ ಹಾಕೀಯಿಲ್ಲ ಮತ್ತ?" ಎಂದು ಅವನು ನಕ್ಕ. ನೀಲಗಂಗಾ ನಗಲಿಲ್ಲ. ಅವಳ ತುಟಿಗಳು ಎಂದಿನಂತೆ ಮುಚ್ಚಿಯೇ ಇದ್ದವು. ಪೆಟ್ಟಿಗೆಯನ್ನು ಅಂಗೈಯಲ್ಲಿ ಹಿಡಿದು, ಕಣ್ಣು ಮುಚ್ಚಿ, ಇನ್ನೊಂದು ಸಲ ಪ್ರಯತ್ನಿಸಿದಳು.

"ಬೀಗ," ಎಂದಿತು ಪೆಟ್ಟಿಗೆ. ಸ್ವಲ್ಪ ತಡೆದು, "ಬೀಗ ಅಲ್ಲ. ಬೀಗ."

ಚನ್ನವೀರಪ್ಪನ ನಗು ಅಲ್ಲಿಗೇ ನಿಂತಿತು.

ನೀಲಗಂಗಾ ಸರ್ಕಾರಿ ಬಸ್ಸಿನ ಕಂಡಕ್ಟರ್ ಆಗಿದ್ದವಳು. ಗದಗಿನಿಂದ ಲಕ್ಷ್ಮೇಶ್ವರಕ್ಕೆ, ಲಕ್ಷ್ಮೇಶ್ವರದಿಂದ ಗದಗಿಗೆ, ತುಂಬಿದ ಬಸ್ಸಿನಲ್ಲಿ ಹಿಂದಿನ ಬಾಗಿಲಿನಿಂದ ಕೂಗಿದರೆ ಡ್ರೈವರ್ ಬ್ರೇಕ್ ಹಾಕಬೇಕು, ಅಂಥ ಗಂಟಲು. ನಿವೃತ್ತಿಗೆ ಇನ್ನೂ ವರ್ಷಗಳಿದ್ದಾಗಲೇ ಲಕ್ವಾ ಹೊಡೆಯಿತು. ಕಾಲು ಬಂತು, ಕೈ ಮುಕ್ಕಾಲು ಪಾಲು ಬಂತು, ಮಾತು ಬರಲಿಲ್ಲ. ಆಡಿದ್ದೆಲ್ಲ ತಿಳಿಯುತ್ತಿತ್ತು, ಹೇಳಬೇಕಾದದ್ದು ತಲೆಯೊಳಗೆ ಇತ್ತು, ಅಲ್ಲಿಂದ ಬಾಯಿಗೆ ಬರುವ ದಾರಿ ಕಿತ್ತುಹೋಗಿತ್ತು. ಬರೆಯಲು ಕೂತರೆ ಅಕ್ಷರಗಳೂ ಕೈಗೆ ಬರುತ್ತಿರಲಿಲ್ಲ.

ಆಗ ಧಾರವಾಡದ ಒಂದು ಸಂಶೋಧನಾ ಕೇಂದ್ರದವರು ಕೊಟ್ಟದ್ದು 'ಉಲಿ'. ತಲೆಬುರುಡೆಯ ಕೆಳಗೆ ಈರುಳ್ಳಿ ಸಿಪ್ಪೆಯಷ್ಟು ತೆಳುವಾದ ಒಂದು ಹಾಳೆ, ಕೊರಳಿಗೆ ಬೆಂಕಿಪೆಟ್ಟಿಗೆಗಿಂತ ಸ್ವಲ್ಪ ದೊಡ್ಡದಾದ ಒಂದು ಪೆಟ್ಟಿಗೆ. ಮಾತು ಮಿದುಳಿನಲ್ಲಿ ಹುಟ್ಟುವಾಗ ಏಳುವ ಸಣ್ಣ ವಿದ್ಯುತ್ತನ್ನು ಹಾಳೆ ಹಿಡಿಯುತ್ತಿತ್ತು. ಯಾವ ಅಲೆಗೆ ಯಾವ ಮಾತು ಎನ್ನುವ ನಕ್ಷೆ ಪೆಟ್ಟಿಗೆಯೊಳಗಿನ ಒಂದು ಸಾಲಿಡ್ ಸ್ಟೇಟ್ ಡ್ರೈವಿನಲ್ಲಿತ್ತು. ಅದನ್ನು ನೋಡಿ ಉಲಿ ಅವಳದೇ ದನಿಯಲ್ಲಿ ಮಾತಾಡುತ್ತಿತ್ತು. ಡಿಪೋದ ಒಂದು ಸಮಾರಂಭದಲ್ಲಿ ಅವಳು ಮಾಡಿದ್ದ ಭಾಷಣದ ವಿಡಿಯೋದಿಂದ ಆ ದನಿಯನ್ನು ತೆಗೆದಿದ್ದರು.

ಉಲಿಗೆ ಒಂದು ಕೊರತೆಯಿತ್ತು. ನಾವು ನಾಲಿಗೆಯ ತುದಿಗೆ ಬಂದ ಮಾತನ್ನೂ ನುಂಗಿಕೊಳ್ಳುತ್ತೇವೆ. ಉಲಿ ಮಾತನ್ನು ಹಿಡಿಯುತ್ತಿದ್ದದ್ದು ಅದಕ್ಕಿಂತ ಹಿಂದೆ, ಅದು ಹುಟ್ಟುವ ಜಾಗದಲ್ಲೇ. ಹಾಗಾಗಿ ನೀಲಗಂಗಾ ಮುಚ್ಚಿಡಲಾರದವಳಾದಳು. ಗಂಡನ ಕನ್ನಡಕದ ಅಂಗಡಿಗೆ ಬಂದ ಗಿರಾಕಿಗೆ "ಈ ಫ್ರೇಮಿನ್ಯಾಗ ಗೂಬಿ ಕಂಡಂಗ ಕಾಣ್ತೀರಿ" ಅಂದುಬಿಡುತ್ತಿದ್ದಳು. ಓಣಿಯ ಹೆಂಗಸರು ಕೆಲವರು ಮನೆಗೆ ಬರುವುದು ಬಿಟ್ಟರು. ಇನ್ನು ಕೆಲವರು ಅದಕ್ಕೆಂದೇ ಬರತೊಡಗಿದರು. ಮಗನಿಗೆ ನೋಡಿದ ಹೆಣ್ಣಿನ ಫೋಟೋ ತೋರಿಸಿ, "ಹ್ಯಾಂಗದಾಳ ಹೇಳ್ರಿ" ಎಂದು ಎದುರಿಗೆ ಕೂರುತ್ತಿದ್ದರು.

ಉಲಿ ಬಂದ ಮೊದಲ ವರ್ಷ ಒಂದು ಮಧ್ಯಾಹ್ನ, ಊಟಕ್ಕೆ ಕೂತಾಗ, ಪೆಟ್ಟಿಗೆ ತಾನಾಗಿಯೇ ಅಂದಿತ್ತು: "ಮದಿವ್ಯಾದ ಮ್ಯಾಲೆ ಹತ್ತು ವರ್ಷ ನೀವು ನನಗ ಸೇರಿರಲಿಲ್ಲ." ಚನ್ನವೀರಪ್ಪ ಕೈತೊಳೆದು ಎದ್ದು ಹೋಗಿದ್ದ. ಕೆಲವು ವಾರದ ಮೇಲೆ, ಅವನು ಗಾಜು ಒರೆಸುತ್ತಿದ್ದಾಗ, ಅದೇ ದನಿಯಲ್ಲಿ, "ಈಗ ಸೇರ್ತೀರಿ," ಅಂದಿತು. ಮೊದಲನೆಯದನ್ನು ಹೇಳಿದ ಬಾಯಿಯೇ ಹೇಳಿದ್ದರಿಂದ ಅವನು ಎರಡನೆಯದನ್ನೂ ನಂಬಿದ. ಮೂವತ್ತು ವರ್ಷದ ಸಂಸಾರದಲ್ಲಿ ಅಷ್ಟು ಗಟ್ಟಿಯಾಗಿ ಅವನು ಏನನ್ನೂ ನಂಬಿರಲಿಲ್ಲ.

ಮಗಳು ಮಹಾನಂದಾಳ ವಿಷಯದಲ್ಲಿ ಮಾತ್ರ ಹಾಗಾಗಲಿಲ್ಲ. ಅವಳು ಬಾಗಲಕೋಟೆಯಲ್ಲಿ ಬ್ಯಾಂಕಿನ ಕೆಲಸದಲ್ಲಿದ್ದಳು. ಬಸುರಿಯಾಗಿ ತವರಿಗೆ ಬಂದವಳು ಬಟ್ಟೆ ಮಡಿಚುತ್ತ ಕೂತು, ಸುಮ್ಮನೆ ಮಾತಿಗೆ, "ಅವ್ವಾ, ನಾ ಹುಟ್ಟಿದಾಗ ನಿನಗ ಭಾಳ ಖುಷಿ ಆಗಿತ್ತಿಲ್ಲ?" ಎಂದು ಕೇಳಿದಳು. ಉಲಿ ತಡಮಾಡದೆ ಉತ್ತರ ಕೊಟ್ಟಿತು. "ಇಲ್ಲ. ನೀ ನನಗ ಬ್ಯಾಡಾಗಿದ್ದಿ."

ಮಹಾನಂದಾ ಮಡಿಚಿದ ಬಟ್ಟೆಯನ್ನು ಅಲ್ಲೇ ಬಿಟ್ಟು ಎದ್ದಳು. ಮಾತಿನ ಉಳಿದ ಅರ್ಧ ಬರುತ್ತಿತ್ತು. ಆದರೆ ಉಲಿ ತನ್ನ ಒಂದೇ ಹದದಲ್ಲಿ ಮಾತಾಡುವ ಯಂತ್ರ, ಮಗಳು ಅಷ್ಟರಲ್ಲಿ ಅಂಗಳ ದಾಟಿದ್ದಳು. ಹೆರಿಗೆಗೆ ಅವಳು ಗಂಡನ ಮನೆಯಲ್ಲೇ ಉಳಿದಳು. ಫೋನಿನಲ್ಲಿ ಪೆಟ್ಟಿಗೆಯ ದನಿ ಕೇಳಿದ ಕೂಡಲೇ ಇಟ್ಟುಬಿಡುತ್ತಿದ್ದಳು. ಅಪ್ಪನೊಬ್ಬನ ಜೊತೆ ಹಬ್ಬಕ್ಕೊಂದು ಸಲ ಮಾತು. ಹೀಗೇ ಮೂರು ವರ್ಷ ಕಳೆದಿತ್ತು.

*

ಧಾರವಾಡದ ಕೇಂದ್ರದಲ್ಲಿ ಉಲಿಯನ್ನು ಬಲ್ಲವರಲ್ಲಿ ಈಗ ಉಳಿದಿದ್ದವಳು ಸುಹಾಸಿನಿ ತೊರಗಲ್ ಎನ್ನುವ ಎಂಜಿನಿಯರ್ ಒಬ್ಬಳೇ. ಉಲಿ ತಯಾರಿಸಿದ ಕಂಪನಿ ಹೊಸ ಮಾದರಿಯ ಕಡೆಗೆ ತಿರುಗಿ, ಹಳೆಯದನ್ನು ನೋಡಿಕೊಳ್ಳುವ ಕೆಲಸವನ್ನು ಕೈಬಿಟ್ಟಿತ್ತು. ಪೆಟ್ಟಿಗೆಗೆ ವೈರು ಸಿಕ್ಕಿಸಿ, ಪರದೆಯ ಮೇಲೆ ಓಡುವ ಸಾಲುಗಳನ್ನು ಅವಳು ಬಹಳ ಹೊತ್ತು ನೋಡಿದಳು.

"ಕಾಕಾ, ಇದು ಈಗ ಓದೂದಕ್ಕಷ್ಟ ಉಳದದ. ಬರಿಯೂದು ಬಂದ್ ಆಗ್ಯದ."

"ಅಂದ್ರ ಏನ್ರಿ ಮೇಡಮ್ಮರ?"

"ಡ್ರೈವಿನೊಳಗ ಸಣ್ಣ ಸಣ್ಣ ಕೋಣಿ ಇರ್ತಾವ. ಬರದು ಅಳಿಸಿ, ಬರದು ಅಳಿಸಿ ಮಾಡಿದಂಗೆಲ್ಲ ಕೋಣಿ ಗ್ವಾಡಿ ತೆಳ್ಳಗಾಗ್ತಾವ. ಕಾಕು ಅವರ ಮಿದುಳು ದಿನಾ ಸ್ವಲ್ಪ ಸ್ವಲ್ಪ ಬದಲಾಗ್ತಿರ್ತದ. ಅದರ ಬೆನ್ನು ಹತ್ತಿ ಉಲಿ ದಿನಾ ನಕ್ಷೆ ಹೊಸದಾಗಿ ಬರೀತಿತ್ತು. ಆರು ವರ್ಷ ಬರದದ. ಗ್ವಾಡಿ ಎಲ್ಲಾ ಸವದಾವ. ಇದ್ದದ್ದರ ಉಳೀಲಿ ಅಂತ ಡ್ರೈವ್ ತಾನ ಬಾಗಲಾ ಹಾಕ್ಕೊಂಡದ."

ಚನ್ನವೀರಪ್ಪ ಯೋಚಿಸಿದ. "ಕಣ್ಣು ಬದಲಾಗಾಕತ್ತೈತಿ, ಕನ್ನಡಕ ಮಾತ್ರ ಹಳೇ ನಂಬರಿಂದ. ಹಂಗೇನ್ರಿ?"

"ಹಂಗ. ದಿನಾ ಸ್ವಲ್ಪ ಸ್ವಲ್ಪ ಮಂಜಾಗತದ."

"ಹೊಸಾ ಡ್ರೈವ್ ಹಾಕಾಕ ಬರೂದಿಲ್ಲೇನ್ರಿ?"

ತೊರಗಲ್ ಡ್ರಾಯರಿನಿಂದ ಒಂದು ಸಣ್ಣ ಪೊಟ್ಟಣ ತೆಗೆದಳು. ಒಳಗೆ ಹೆಬ್ಬೆರಳಿನ ಉಗುರಿನಗಲದ ಹೊಸ ಡ್ರೈವ್, ಇನ್ನೂ ಯಾರ ಕೈಯೂ ತಾಕದ ಕಪ್ಪು ಹೊಳಪು. "ಹಾಕಬಹುದು. ಆದ್ರ ಇದು ಖಾಲಿ. ಆಪರೇಟಿಂಗ್ ಸಿಸ್ಟಮ್ಮೂ ಇಲ್ಲ, ನಕ್ಷೀನೂ ಇಲ್ಲ. ಸಿಸ್ಟಮ್ಮಿನ ಹೊಸಾ ಆವೃತ್ತಿ ನನ್ನ ಹತ್ರ ಅದ. ನಕ್ಷಿ ಹಳೇದರಿಂದನ ತಗೀಬೇಕು."

"ಅದರ ನಕಲು ಎಲ್ಲೂ ಇಟ್ಟಿಲ್ಲೇನ್ರಿ?"

"ಇಡಂಗಿಲ್ಲ ಕಾಕಾ. ಮನಸ್ಸಿನ ಗುಟ್ಟು ಯಾರೂ ಕದೀಬಾರದು ಅಂತ ಅದಕ್ಕ ಬೀಗ ಹಾಕಿ, ಕೀಲಿನೂ ಆ ಡ್ರೈವಿನ್ಯಾಗ ಇಟ್ಟಾರ. ಇಡೀ ಡ್ರೈವ್ ಒಂದ ಸಲಕ್ಕ ಓದಿದ್ರ ನಕಲು ಆಗಬಹುದು. ಇಷ್ಟು ಸವದದ್ದು ಆ ಹೊರಿ ತಡೀತದೋ ಇಲ್ಲೋ. ಮಧ್ಯ ನಿಂತ್ರ ಎರಡೂ ಹೋದವು."

"ಹೋದ್ರ ಹೊಸಾದಕ್ಕ ಮೊದಲಿಂದ ಕಲಿಸಬೇಕು. ಮೊದಲೂ ಕಲಿಸಿದ್ವಲ್ರಿ."

ತೊರಗಲ್ ನೀಲಗಂಗಾಳ ಕಡೆಗೆ ತಿರುಗಿದಳು. ಮುಚ್ಚಿಡುವುದರಲ್ಲಿ ಅರ್ಥವಿಲ್ಲ ಅನ್ನಿಸಿರಬೇಕು. "ಕಾಕು, ಮೊದಲ ನಿಮ್ಮೊಳಗ ಹಳೇ ಮಾತಿನ ಗುರುತು ಇನ್ನೂ ಇತ್ತು, ಉಲಿ ಅದನ್ನ ಹಿಡದು ಕಲೀತು. ಈ ಆರು ವರ್ಷದಾಗ ನೀವು ಉಲಿಗೆ ತಿಳಿಯೂ ಹಂಗ ಯೋಚನಿ ಮಾಡೂದು ಕಲ್ತೀರಿ. ಅದು ನಿಮ್ಮಿಬ್ಬರ ಭಾಷೆ. ಹೊಸಾದಕ್ಕ ಅದು ತಿಳಿಯೂದಿಲ್ಲ. ಹಳೇ ಗುರುತು ಈಗ ಉಳದಿಲ್ಲ. ಅದು ಕಲೀತದ ಅಂತ ನಾ ಹೇಳಲಾರೆ."

"ಇವತ್ತ ನಕಲು ಮಾಡಿಬಿಡ್ರಿ ಹಂಗಾರ," ಎಂದ ಚನ್ನವೀರಪ್ಪ.

"ಬ್ಯಾಡ," ಎಂದಿತು ಉಲಿ. "ಮೊದಲ ಮಗಳು. ಆಮ್ಯಾಲೆ ಡ್ರೈವ್."

"ನೀಲಾ, ನಕಲು ಆತಂದ್ರ ಆಕಿಗೆ ನೂರು ಸಲ ಹೇಳಬಹುದು."

"ಆಗಲಿಲ್ಲಂದ್ರ ಒಂದು ಸಲಾನೂ ಇಲ್ಲ."

ತೊರಗಲ್ ಪೊಟ್ಟಣವನ್ನು ಮತ್ತೆ ಡ್ರಾಯರಿಗೆ ಹಾಕಿ, "ಭಾಳ ದಿನಾ ಕಾಯಬ್ಯಾಡ್ರಿ," ಎಂದಳು.

*

ಮನೆಗೆ ಬಂದು ಚನ್ನವೀರಪ್ಪ ಮಗಳಿಗೆ ಫೋನು ಹಚ್ಚಿದ. ಹೇಳಬೇಕಾದದ್ದನ್ನು ಬಸ್ಸಿನಲ್ಲೇ ಜೋಡಿಸಿಕೊಂಡಿದ್ದ. ಆದರೆ ಮಗಳ ದನಿ ಕೇಳಿದ ಕೂಡಲೇ ಅವನ ಹಳೆಯ ಚಾಳಿ ಮುಂದೆ ಬಂತು. ಅವನು ಹುಟ್ಟಾ ಮಾತು ಮೆತ್ತಗೆ ಮಾಡುವ ಮನುಷ್ಯ. ಮಗಳ ಶಾಲೆಯ ಗ್ಯಾದರಿಂಗಿಗೆ ತಾಯಿ ಬರದಿದ್ದಾಗ "ಜ್ವರ ಬಂದಾವ" ಅಂದವನು ಅವನೇ. ಮಗಳ ಮದುವೆ ಮುರಿಯುವಂತಾದಾಗ ಎರಡು ಕಡೆಗೂ ಬೇರೆ ಬೇರೆ ಮಾತು ಹೇಳಿ ಜೋಡಿಸಿದವನೂ ಅವನೇ.

"ನಿಮ್ಮವ್ವನ ಪೆಟಿಗಿ ಸ್ವಲ್ಪ ಕೆಟ್ಟೈತಿ. ರಿಪೇರಿ ಮಾಡ್ತಾರಂತ. ಅದರಕಿಂತ ಮೊದಲ ನೀ ಒಮ್ಮಿ ಬಂದು ಹೋದ್ರ ಚಲೋ ಆಗತಿತ್ತು."

"ಯಾಕಪ್ಪಾ? ಭಾಳ ಕೆಟ್ಟೈತೇನು?"

"ಹಂಗೇನಿಲ್ಲ. ನಿನ್ನ ಅನುಕೂಲ ನೋಡ್ಕೊಂಡು ಬಾ. ಅವಸರೇನಿಲ್ಲ."

"ಬ್ಯಾಂಕಿನ್ಯಾಗ ಆಡಿಟ್ ನಡದೈತಿ. ಐತವಾರ ಬರ್ತೀನಿ."

ಅವನು ಫೋನು ಇಟ್ಟು ತಿರುಗಿದರೆ ನೀಲಗಂಗಾ ಬಾಗಿಲಲ್ಲಿ ನಿಂತಿದ್ದಳು. "ಅವಸರ ಐತಿ," ಎಂದಿತು ಉಲಿ. "ಅವಸರ ಐತಿ ಅಂತ ಹೇಳ್ರಿ."

"ಐತವಾರ ಏನ್ ದೂರ ಐತಿ? ಕೆಲಸದಾಗ ಇದ್ದಾಕಿಗೆ ಯಾಕ ಗಾಬರಿ ಮಾಡೂದು?"

ಅವನು ಮತ್ತೆ ಫೋನು ಮಾಡಲಿಲ್ಲ.

ಮಂಜಾಗುವುದು ನಿಧಾನವಾಗಿರುತ್ತದೆ ಎಂದು ಅವನು ತಿಳಿದಿದ್ದ. ಮೊದಲು ಅಡಿಗೆಮನೆಯ ಹೆಸರುಗಳು ಹೋದವು. ಹಾಲು ಸುಣ್ಣವಾಯಿತು, ಒಲೆ ಕಿಟಕಿಯಾಯಿತು. ಚನ್ನವೀರಪ್ಪ ಹೊಸ ಹೆಸರುಗಳನ್ನು ಕಲಿಯಲು ಹೊರಟ. ಸುಣ್ಣ ಕೇಳಿದರೆ ಹಾಲು ತಂದುಕೊಡುವುದು ಅವನಿಗೆ ಕಷ್ಟವೆನಿಸಲಿಲ್ಲ. ಹೀಗೇ ಸಂಸಾರ ನಡೆದುಹೋಗುತ್ತದೆ ಎಂದು ಒಂದು ದಿನ ಸಮಾಧಾನವನ್ನೂ ಪಟ್ಟುಕೊಂಡ. ಮರುದಿನ ಸುಣ್ಣ ಹಾಲಾಗಿ ಉಳಿಯಲಿಲ್ಲ. ಅವನು ಹಾಲು ತಂದಿಟ್ಟ, ನೀಲಗಂಗಾ ಅಲ್ಲವೆಂದು ತಲೆಯಾಡಿಸಿದಳು. ಮೊಸರು ತಂದ, ಮತ್ತೆ ತಲೆಯಾಡಿಸಿದಳು. ಕೊನೆಗೆ ತಾನೇ ಎದ್ದು ಹೋಗಿ ಗೋಡೆಯ ಮೇಲಿನ ಸ್ವಿಚ್ಚು ಹಾಕಿಕೊಂಡಳು.

ಮಗಳಿಗೆ ಹೇಳಬೇಕಾದ ಉಳಿದ ಅರ್ಧವನ್ನು ಅವಳು ಒಬ್ಬಳೇ ಕೂತು ಮತ್ತೆ ಮತ್ತೆ ಆಡಿಕೊಳ್ಳುತ್ತಿದ್ದಳು. ಧಾರವಾಡದಿಂದ ಬಂದ ಸಂಜೆ ಚನ್ನವೀರಪ್ಪ ಅದನ್ನು ಉಲಿಯ ಬಾಯಲ್ಲಿ ಪೂರ್ತಿಯಾಗಿ ಕೇಳಿಸಿಕೊಂಡಿದ್ದ.

"ನೌಕರಿ ಆಗಷ್ಟ ಸಿಕ್ಕಿತ್ತು, ಹೊಟ್ಟಿ ಬಂತಂದ್ರ ತಗದುಬಿಡ್ತಾರಂತ ಅಂಜಿ ನೀ ನನಗ ಬ್ಯಾಡಾಗಿದ್ದಿ. ಆಮ್ಯಾಲೆ ನಿನ್ನ ಬಸ್ಸಿನ್ಯಾಗ ಕರಕೊಂಡ್ ಹೋಗ್ತಿದ್ದೆ. ಒಂದು ದಿನಾ ಲಕ್ಷ್ಮೇಶ್ವರದಾಗ ಮಂದಿ ಕೂಡ ನೀನೂ ಇಳದು ಹೋಗಿದ್ದಿ. ನಾ ನೋಡಲಿಲ್ಲ. ಬಸ್ ಬಿಟ್ಟ ಮ್ಯಾಲೆ ನೋಡಿದೆ. ನಡು ರಸ್ತಾದಾಗ ಬಸ್ ನಿಲ್ಲಿಸಿ ಓಡಿದೆ. ಬಳಿಗಾರನ ಅಂಗಡಿ ಮುಂದ ಕುಂತಿದ್ದಿ. ನೀ ಸಿಗೂ ತನಕ ನಾ ಸತ್ತಿದ್ದೆ. ಆವತ್ತಿನಿಂದ ನಿನ್ನ ಬಿಟ್ಟು ನನಗ ಬ್ಯಾರೆ ಏನೂ ಬ್ಯಾಡ."

ಚನ್ನವೀರಪ್ಪನಿಗೆ ಈ ಸಂಗತಿಯೇ ಗೊತ್ತಿರಲಿಲ್ಲ. ಅಂದು ಅವಳು ಮನೆಗೆ ಬಂದು ಏನೂ ಹೇಳಿರಲಿಲ್ಲ. ಐತವಾರ ಮಗಳೇ ಬಂದು ಕೇಳುತ್ತಾಳಲ್ಲ ಎಂದುಕೊಂಡವನಿಗೆ ಅದನ್ನು ಫೋನಿನಲ್ಲಿ ಹಿಡಿದಿಡುವುದು ಹೊಳೆದಿರಲಿಲ್ಲ. ಈಗ ದಿನದಿನಕ್ಕೆ ಆ ಮಾತು ಸವೆಯುವುದನ್ನು ಅವನು ಅಂಗಡಿಯಲ್ಲಿ ಕೂತೇ ಕೇಳಿದ. ಶುಕ್ರವಾರದ ಹೊತ್ತಿಗೆ ಲಕ್ಷ್ಮೇಶ್ವರ ಬಿದ್ದುಹೋಗಿತ್ತು. ಶನಿವಾರ ಬಳೆಗಾರನಿರಲಿಲ್ಲ, ಬಸ್ಸಿರಲಿಲ್ಲ. ಆಗ ಅವನು ಮಗಳಿಗೆ ಫೋನು ಹಚ್ಚಿ, ಮೊದಲ ಸಲ ಮೆತ್ತಗೆ ಮಾಡದೆ, "ಈಗಿಂದೀಗ ಹೊರಡು," ಎಂದ. ಆ ಕಡೆ ಆಡಿಟ್ಟಿನವರು ಎದುರಿಗೇ ಕೂತಿದ್ದರು. "ನಾಳೆ ಮುಂಜಾನಿ ಮೊದಲ ಬಸ್ಸಿಗೆ, ಅಪ್ಪಾ," ಎಂದಳು ಮಹಾನಂದಾ.

*

ಅವಳು ಮಗುವನ್ನು ಗಂಡನ ಹತ್ತಿರ ಬಿಟ್ಟು ಒಬ್ಬಳೇ ಬಂದಳು. ಮೂರು ವರ್ಷದಲ್ಲಿ ಮೈ ಕೈ ತುಂಬಿಕೊಂಡು, ತಾಯಿಯದೇ ನಿಲುವು ಬಂದಿತ್ತು. ಚಪ್ಪಲಿ ಬಿಟ್ಟು ಪಡಸಾಲೆಯ ಕುರ್ಚಿಯಲ್ಲಿ ಕೂತಳು. ನೀಲಗಂಗಾ ಅವಳೆದುರು ನೆಲದ ಮೇಲೆ ಕೂತು ಎರಡೂ ಕೈಯಿಂದ ಅವಳ ಕೈ ಹಿಡಿದುಕೊಂಡಳು.

"ಹೇಳವ್ವಾ," ಎಂದಳು ಮಹಾನಂದಾ. "ಈ ಸಲ ಎದ್ದು ಹೋಗೂದಿಲ್ಲ."

ನೀಲಗಂಗಾ ಕಣ್ಣು ಮುಚ್ಚಿದಳು. ಹಣೆಯ ನರ ಉಬ್ಬಿತು.

"ನೀ ಕುಡಗೋಲು ಇಳದಿದ್ದಿ," ಎಂದಿತು ಉಲಿ. "ನಾ ಉಪ್ಪು ನಿಲ್ಲಿಸಿದೆ. ಉಪ್ಪು ನಿಲ್ಲಿಸಿ ಒಣಗಿದೆ. ಕಿಟಕಿ ಮುಂದ ಸುಣ್ಣ. ನಿನ್ನ ಸುಣ್ಣ. ನಿನ್ನ ಬ್ಯಾಡ."

ಅವಳು ತಲೆ ಜೋರಾಗಿ ಆಡಿಸಿದಳು, ಅಲ್ಲ ಅಲ್ಲ ಎಂದು. ಮತ್ತೆ ಶುರುಮಾಡಿದಳು. ಈ ಸಲ ಇನ್ನೂ ಕಡಿಮೆ ಬಂತು. "ನಿನ್ನ ಒಣಗಿ ನನಗ ಬ್ಯಾಡ. ಬ್ಯಾಡ. ಬ್ಯಾಡ."

ಇಡೀ ಮಾತಿನಲ್ಲಿ ಸವೆಯದೆ ಉಳಿದದ್ದು ಆ ಒಂದೇ ಪದ. ಅದೇ ದನಿ, ಅದೇ ಹದ. ನೀಲಗಂಗಾ ಒಂದು ಕೈ ಬಿಡಿಸಿಕೊಂಡು ಪೆಟ್ಟಿಗೆಯನ್ನು ಅಂಗೈಯಿಂದ ಒತ್ತಿ ಹಿಡಿದಳು. ಒಳಗಿನಿಂದ ಸಣ್ಣದಾಗಿ ಇನ್ನೂ ಒಂದು ಸಲ ಕೇಳಿಸಿತು, "ಬ್ಯಾಡ."

"ಯವ್ವಾ, ನಾ ಹೇಳ್ತೀನಿ ಕೇಳು," ಎಂದು ಚನ್ನವೀರಪ್ಪ ಮುಂದೆ ಬಂದ. ತಾನು ಕೇಳಿದ್ದನ್ನು ಕೇಳಿದ ಹಾಗೆಯೇ, ಲಕ್ಷ್ಮೇಶ್ವರ, ಬಸ್ಸು, ಬಳೆಗಾರ, ಒಂದನ್ನೂ ಬಿಡದೆ ಹೇಳಿದ. ನೀಲಗಂಗಾ ಪ್ರತಿ ಮಾತಿಗೂ ಹೌದು ಹೌದು ಎಂದು ತಲೆಯಾಡಿಸಿದಳು. ಮಹಾನಂದಾ ಪೂರ್ತಿ ಕೇಳಿಸಿಕೊಂಡಳು. ಆಮೇಲೆ ಅಪ್ಪನನ್ನು ನೋಡಿದ ನೋಟದಲ್ಲಿ ಸಿಟ್ಟಿರಲಿಲ್ಲ. ಅದನ್ನೇ ಅವನಿಂದ ತಡೆಯಲಾಗಲಿಲ್ಲ.

"ಅಪ್ಪಾ, ನೀವು ಯಾವತ್ತೂ ಹಿಂಗ. ಚಲೋ ಕಟ್ಟಿ ಹೇಳ್ತೀರಿ."

"ಇದು ಕಟ್ಟಿದ್ದಲ್ಲ. ನಿಮ್ಮವ್ವ ಗೋಣು ಹಾಕಾಕತ್ತಾಳ ನೋಡು."

"ಆಕಿ ನನ್ನ ಸಮಾಧಾನ ಮಾಡಾಕ ಗೋಣು ಹಾಕ್ತಾಳ. ನೀವು ಜ್ವರ ಬಂದಾವ ಅಂತ ಹೇಳಿದಾಗೂ ಆಕಿ ಹಿಂಗ ಬಾಜೂಕ ನಿಂತು ಗೋಣು ಹಾಕಿದ್ಲು." ಅವಳು ತಾಯಿಯ ಕೈಯನ್ನು ಬಿಡಲಿಲ್ಲ. ಆದರೆ ಹಿಡಿತ ಸಡಿಲವಾಗಿತ್ತು. "ಈ ಪೆಟಿಗಿ ಮಾತ್ರ ಸುಳ್ಳು ಹೇಳೂದಿಲ್ಲ ಅಂತ ನನಗ ಗೊತ್ತಿತ್ತು. ಅದಕ್ಕ ಬಂದಿದ್ದೆ."

ಸ್ವಲ್ಪ ಹೊತ್ತಿನ ಮೇಲೆ ಅವಳೇ ಅಂದಳು. "ನಾಳೆ ರಜಾ ಹಾಕ್ತೀನಿ. ಹೊಸಾದು ಕುಂಡ್ರಿಸಿದ ಮ್ಯಾಲೆ ಹೇಳಲಿ. ಅಲ್ಲಿತನಕಾ ಇರ್ತೀನಿ."

*

ಧಾರವಾಡದಲ್ಲಿ ನಕಲು ಅರ್ಧಕ್ಕೆ ಬಂದು ನಿಂತಿತು. ಪರದೆಯ ಮೇಲಿನ ಹಸಿರು ಪಟ್ಟಿ ತೆವಳುತ್ತ ತೆವಳುತ್ತ ಬಂದು ನಡುವೆ ತಡೆದದ್ದು ಮುಂದೆ ಹೋಗಲೇ ಇಲ್ಲ. ತೊರಗಲ್ ಡ್ರೈವನ್ನು ತಣ್ಣಗಾಗಲು ಬಿಟ್ಟು ಮತ್ತೆ ಸಿಕ್ಕಿಸಿದಳು. ಈ ಸಲ ಪರದೆ ಆ ಡ್ರೈವನ್ನು ಗುರುತಿಸಲೇ ಇಲ್ಲ. ಮೂರನೆಯ ಸಲವೂ ಇಲ್ಲ. ಅವಳು ಸಣ್ಣ ಸ್ಕ್ರೂಡ್ರೈವರ್ ತೆಗೆದುಕೊಂಡು ಪೆಟ್ಟಿಗೆಯ ಹಿಂಬದಿಯನ್ನು ಬಿಚ್ಚತೊಡಗಿದಳು. ಆಗ ಚನ್ನವೀರಪ್ಪನಿಗೆ ತಿಳಿಯಿತು.

ಹೊಸ ಡ್ರೈವು ಮೊದಲು ಸರಿಯಾಗಿ ಕೂರಲಿಲ್ಲ. ತೆಗೆದು, ಹಲ್ಲುಗಳನ್ನು ಒರೆಸಿ, ಮತ್ತೆ ಓರೆಯಾಗಿ ಇಟ್ಟು ಒತ್ತಿದಾಗ ಟಿಕ್ ಎಂದಿತು. ಪೆನ್‌ಡ್ರೈವಿನಿಂದ ಸಿಸ್ಟಮ್ ಹೊರಟಿತು. ಪರದೆ ಒಂದೊಂದೇ ಪ್ರಶ್ನೆ ಕೇಳಿತು. ಯಾವ ಭಾಷೆ? ಕನ್ನಡ. ಡ್ರೈವ್ ಖಾಲಿ ಇದೆ, ಹೊಂದಿಸಲೇ? ಹೌದು. ಹಳೆಯ ನಕ್ಷೆಯಿಂದ ತುಂಬಿಸು, ಹೊಸದಾಗಿ ಆರಂಭಿಸು. ಮೊದಲನೆಯ ಸಾಲು ಒತ್ತಲು ಬರದಂತೆ ಬೂದುಬಣ್ಣಕ್ಕೆ ತಿರುಗಿತ್ತು. ತೊರಗಲ್ ಎರಡನೆಯದನ್ನು ಒತ್ತಿದಳು. ಷರತ್ತುಗಳಿಗೆ ಒಪ್ಪಿಗೆಯೆಂದು ನೀಲಗಂಗಾಳ ಹೆಬ್ಬೆರಳನ್ನು ಗಾಜಿನ ಮೇಲೆ ಇಡಿಸಿಕೊಂಡಿತು. ದನಿ ಆರಿಸಿ ಎಂದಿತು.

"ಆಕೀದ ದನಿ ಬರೂದಿಲ್ಲೇನ್ರಿ?" ಎಂದು ಕೇಳಿದಳು ಮಹಾನಂದಾ.

"ಅದೂ ಹಳೇದರಾಗ ಇತ್ತವಾ. ಹೊಸಾ ಆವೃತ್ತಿಯೊಳಗ ವಿಡಿಯೋದಿಂದ ದನಿ ತಗಿಯೂದು ಬಿಟ್ಟಾರ. ಇದರಾಗ ಬ್ಯಾರೆ ನಾಕು ಅದಾವ." ತೊರಗಲ್ ಒಂದೊಂದಾಗಿ ಕೇಳಿಸಿದಳು. ಎಲ್ಲವೂ ವಯಸ್ಸಾಗದ, ಊರಿಲ್ಲದ ದನಿಗಳು. ನೀಲಗಂಗಾ ಎರಡನೆಯದಕ್ಕೆ ಬೆರಳು ತೋರಿಸಿದಳು, ಬೇಗ ಮುಗಿಯಲಿ ಎನ್ನುವಂತೆ.

ಹಸಿರು ಪಟ್ಟಿ ಈ ಸಲ ಎಲ್ಲೂ ತಡೆಯದೆ ತುದಿ ಮುಟ್ಟಿತು. ಪೆಟ್ಟಿಗೆಯ ದೀಪ ಆರಿ, ಮತ್ತೆ ಹೊತ್ತಿತು. "ನಮಸ್ಕಾರ," ಎಂದಿತು ಹೊಸ ದನಿ. "ನಾನು ಸಿದ್ಧವಾಗಿದ್ದೇನೆ."

ತೊರಗಲ್ ಅದನ್ನು ನೀಲಗಂಗಾಳ ಕೊರಳಿಗೆ ಹಾಕಿದಳು. ನೀಲಗಂಗಾ ಮಗಳ ಕಡೆಗೆ ತಿರುಗಿದಳು. ತನ್ನೊಳಗಿದ್ದದ್ದನ್ನೆಲ್ಲ ಒಟ್ಟು ಮಾಡಿ ನೂಕುವವಳಂತೆ ಮುಂದಕ್ಕೆ ಬಾಗಿದಳು. ಪೆಟ್ಟಿಗೆಯ ದೀಪ ಮಿನುಗಿತು.

"ನನಗೆ ನಿಮ್ಮ ಮೇಲೆ ತುಂಬ ಪ್ರೀತಿ ಇದೆ."

ಮಹಾನಂದಾ ತಾಯಿಯ ಕಡೆಗೆ ಒಂದು ಹೆಜ್ಜೆ ಇಟ್ಟಳು. ತಾಯಿ ಮಾತ್ರ ಇನ್ನೂ ಬಾಗಿಯೇ ಇದ್ದಳು, ತಲೆ ಎಡಕ್ಕೂ ಬಲಕ್ಕೂ ಆಡುತ್ತಿತ್ತು. ತಾನು ಹೇಳಿದ್ದು ಅದಲ್ಲ, ಇನ್ನೂ ಇದೆ, ಬೇರೆ ಇದೆ. ಅದೇ ಹೊತ್ತಿಗೆ ಕೇಂದ್ರದ ಹೆಂಗಸೊಬ್ಬಳು ಚಹಾದ ಟ್ರೇ ಹಿಡಿದು ಒಳಗೆ ಬಂದಳು. ನೀಲಗಂಗಾ ಸದ್ದಿಗೆ ಅತ್ತ ತಿರುಗಿದಳು.

"ನನಗೆ ನಿಮ್ಮ ಮೇಲೆ ತುಂಬ ಪ್ರೀತಿ ಇದೆ," ಎಂದಿತು ಪೆಟ್ಟಿಗೆ ಆ ಹೆಂಗಸಿಗೆ. ಅವಳು ಗಲಿಬಿಲಿಯಾಗಿ ನಕ್ಕು ಟ್ರೇ ಇಟ್ಟು ಹೋದಳು.

ತೊರಗಲ್ ಪರದೆಯ ಕಡೆ ನೋಡುತ್ತಲೇ ಹೇಳಿದಳು. "ಗುರುತು ಸಿಗದಿದ್ರ ಅದು ಸುಮ್ಮನಿರೂದಿಲ್ಲ. ಭಾವನೆ ಎಷ್ಟು ಜೋರದ ಅಂತ ನೋಡಿ, ತನ್ನ ಹತ್ರ ಇರೂ ಮಾತಿನ್ಯಾಗ ಒಂದು ಆರಿಸಿ ಹೇಳತದ. ಹಳೇ ಉಲಿ ಮನಿ ಮುರೀತದ ಅಂತ ಭಾಳ ಮಂದಿ ದೂರು ಕೊಟ್ಟಿದ್ರು. ಅದಕ್ಕ ಹೊಸಾದರಾಗ ಹಿತವಾದ ಮಾತಷ್ಟ ಇಟ್ಟಾರ."

"ಅದನ್ನ ತಗದುಬಿಡ್ರಿ," ಎಂದ ಚನ್ನವೀರಪ್ಪ.

"ತಗದ್ರ ಏನೂ ಹೇಳೂದಿಲ್ಲ ಕಾಕಾ. ಅದರ ಹತ್ರ ಕಾಕು ಅವರದು ಇನ್ನೂ ಒಂದು ಮಾತೂ ಇಲ್ಲ."

ನೀಲಗಂಗಾಳ ಕಣ್ಣಿಂದ ನೀರು ಇಳಿಯಿತು. "ನಾನು ಚೆನ್ನಾಗಿದ್ದೇನೆ," ಎಂದಿತು ಪೆಟ್ಟಿಗೆ. "ಧನ್ಯವಾದಗಳು."

ಮಹಾನಂದಾ ಧಾರವಾಡದಿಂದಲೇ ಬಾಗಲಕೋಟೆಯ ಬಸ್ಸು ಹತ್ತಿದಳು. ಹತ್ತುವ ಮುಂಚೆ ತಾಯಿಯ ಸೆರಗನ್ನು ಸರಿಮಾಡಿದಳು, ಬಾಯಿ ತೆರೆದಳು, ಏನೂ ಕೇಳಲಿಲ್ಲ. ಕೇಳಿದರೆ ಉತ್ತರ ಆ ಹೊಸ ದನಿಯಲ್ಲಿ ಬರುತ್ತಿತ್ತು, ಮತ್ತು ಅದು ಬಹಳ ಹಿತವಾಗಿರುತ್ತಿತ್ತು. ಕಿಟಕಿಯ ಪಕ್ಕ ಕೂತ ಮೇಲೆ ಅವಳು ಹೊರಗೆ ನೋಡಲಿಲ್ಲ. ಬಸ್ಸು ನಿಲ್ದಾಣದ ತಿರುವು ದಾಟುವ ತನಕ ನೀಲಗಂಗಾ ನಿಂತೇ ಇದ್ದಳು.

*

ಅವರು ಕಲಿಸಲು ಪ್ರಯತ್ನಿಸಲಿಲ್ಲವೆಂದಲ್ಲ. ಮಳೆಗಾಲ ಪೂರ್ತಿ, ದಿನಾ ಅಂಗಡಿ ಮುಚ್ಚಿದ ಮೇಲೆ, ಚನ್ನವೀರಪ್ಪ ಚಿತ್ರದ ಕಾರ್ಡುಗಳನ್ನು ಹಿಡಿದು ಎದುರಿಗೆ ಕೂತ. ಹಸು, ಕೊಡ, ಬಾಗಿಲು, ಮರ. ನೀಲಗಂಗಾ ಒಂದೊಂದನ್ನೂ ನೋಡಿ ಹಣೆ ಬಿಗಿಹಿಡಿಯುತ್ತಿದ್ದಳು. ಹಸುವಿಗೊಂದು, ಕೊಡಕ್ಕೊಂದು ಎಂದು ಬೇರೆಯಾಗಬೇಕಾದ ಅಲೆಗಳು ಎಲ್ಲವಕ್ಕೂ ಒಂದೇ ಥರ ಬರುತ್ತಿದ್ದವು. "ಉತ್ತಮ ಪ್ರಯತ್ನ," ಎನ್ನುತ್ತಿತ್ತು ಪೆಟ್ಟಿಗೆ ಪ್ರತಿ ಸಲವೂ. ತೊರಗಲ್ ಎರಡು ಸಲ ಬಂದು ನೋಡಿ ಹೋದಳು. ಎರಡನೆಯ ಸಲ ಕೂತು ಚಹಾ ಕುಡಿಯಲಿಲ್ಲ.

ದಸರೆಯ ಮುಂಚೆ ಒಂದು ಮಧ್ಯಾಹ್ನ ನೀಲಗಂಗಾ ಪೆಟ್ಟಿಗೆಯನ್ನು ಕೊರಳಿಂದ ತೆಗೆದು ಗಂಡನ ಕೈಗಿಟ್ಟಳು. ತೆಗೆಯುವಾಗ ಅದು "ಮತ್ತೆ ಭೇಟಿಯಾಗೋಣ" ಎಂದಿತು. ಅವಳು ಒಳಗೆ ಹೋಗಿ ಕಾಳು ಆರಿಸುತ್ತ ಕೂತಳು. ಆಮೇಲೆ ಅದನ್ನು ಹಾಕಿಕೊಳ್ಳಲೇ ಇಲ್ಲ. ಅವನೂ ಹಾಕಿಕೋ ಅನ್ನಲಿಲ್ಲ. ಅವಳಿಗೆ ತಾನು ಈಗಲೂ ಸೇರುತ್ತೇನೋ ಇಲ್ಲವೋ ಎಂದು ಒಮ್ಮೊಮ್ಮೆ ಅವನಿಗೆ ಅನ್ನಿಸುತ್ತಿತ್ತು. ಕೇಳಬಹುದಿತ್ತು. ಹೌದೆಂದು ತಲೆಯಾಡಿಸುತ್ತಿದ್ದಳು.

ಹಾಗಿರುವಾಗ ವಿಜಯಪುರದಿಂದ ಒಬ್ಬಾತ ಫೋನು ಮಾಡಿದ. ತೊರಗಲ್ ಮೇಡಮ್ ನಂಬರು ಕೊಟ್ಟರು ಅಂದ. ಅವನ ಅಣ್ಣನಿಗೂ 'ಉಲಿ' ಹಾಕಿದ್ದರಂತೆ, ಅದೇ ವರ್ಷದ್ದು, ಅದೇ ಡ್ರೈವಿನದು. ಮೊನ್ನೆಯಿಂದ ಕೊಡಲಿಗೆ ಬಾಳೆಹಣ್ಣು ಅನ್ನತೊಡಗಿದ್ದಾನಂತೆ.

"ಹೊಸಾ ಸಿಸ್ಟಮ್ ಹಾಕಿದ್ರ ಎಲ್ಲಾ ಸರಿ ಆಗತೈತಿ ಅಲ್ರೀ?" ಎಂದು ಆತ ಕೇಳಿದ. "ನಿಮ್ಮ ಮನಿಯವ್ರು ಈಗ ಹ್ಯಾಂಗ ಮಾತಾಡ್ತಾರ?"

ಚನ್ನವೀರಪ್ಪ ಒಳಗೆ ನೋಡಿದ. ನೀಲಗಂಗಾ ಕಾಳು ಆರಿಸುವುದನ್ನು ನಿಲ್ಲಿಸಿ ಅವನನ್ನೇ ನೋಡುತ್ತಿದ್ದಳು. ಒಂದು ಮೆತ್ತನೆಯ ಮಾತು ಅವನ ನಾಲಿಗೆಯ ಮೇಲೆ ಆಗಲೇ ಬಂದು ಕೂತಿತ್ತು.

"ಮಾತಾಡೂದಿಲ್ರಿ," ಎಂದ.

ಆ ಕಡೆ ಹಿಂದೆಲ್ಲೋ ಒಂದು ಗಂಡಸಿನ ದನಿ, ಒಂದೇ ಹದದಲ್ಲಿ, ಏನೋ ಹೇಳುತ್ತಿರುವುದು ಕೇಳುತ್ತಿತ್ತು.

"ನಿಮ್ಮ ಅಣ್ಣಾರು ಮಾತಾಡಾಕತ್ತಾರಲ್ರಿ," ಎಂದ ಚನ್ನವೀರಪ್ಪ. "ಫೋನ್ ಇಡ್ರಿ. ಹೋಗಿ ಅವರ ಹತ್ರ ಕುಂಡ್ರಿ."